ಹೆಂಡತಿ ಮೇಯರ್, ಗಂಡನ ಕಂಕುಳಲ್ಲಿ ಕೂಸು: ಈ ನಗೆ ಯಾರ ಮೇಲೆ?

ಪ್ರಶ್ನೆ: ಸರ್, ನಾವಿರುವುದು ಅಮೆರಿಕದ ಕ್ಯಾನ್ಸಸ್ ರಾಜ್ಯದ ವಿಚಿಟಾದಲ್ಲಿ. ರಾಜ್ಯೋತ್ಸವಕ್ಕೆ ಇಲ್ಲಿನ ಕನ್ನಡಿಗರು ಸೇರಿ ಮುಕ್ಕಾಲು ಗಂಟೆಯ ನಗೆನಾಟಕ ಆಡಲಿದ್ದೇವೆ. ನಿರ್ದೇಶನ ನನ್ನ ಪಾಲಿಗೆ ಬಂದಿದೆ. ಗೆಳೆಯರೊಬ್ಬರು ಬರೆದುಕೊಟ್ಟ ಕಥೆ ಹೀಗಿದೆ: ಕುದುರೆ, ಬಂದೂಕು, ಧೂಳಿನ ಕಾಲದ ಒಂದು ಪುಟ್ಟ ಊರು. ಹೆಂಗಸರು ಮೇಯರ್, ಪೊಲೀಸ್, ನ್ಯಾಯಾಧೀಶೆ ಎಲ್ಲವೂ ಆಗುತ್ತಾರೆ. ಗಂಡಸರು ಲಂಗ ತೊಟ್ಟು, ಸೌಟು ಹಿಡಿದು, ತೊಟ್ಟಿಲು ತೂಗುತ್ತಾರೆ. ಕೊನೆಗೆ ಊರು ಹಾಳಾಗಿ, ಹೆಂಗಸರು ತಪ್ಪೊಪ್ಪಿಕೊಂಡು ಅಡುಗೆಮನೆಗೆ ಮರಳುತ್ತಾರೆ. ಎರಡನೇ ತಾಲೀಮಿನ ಹೊತ್ತಿಗೆ ಇಬ್ಬರು ನಟಿಯರು "ನಾವು ಯಾರನ್ನು ನೋಡಿ ನಗಬೇಕು?" ಎಂದು ಕೇಳಿ ಎದ್ದುಹೋದರು. ಉಳಿದವರು "ತಮಾಷೆಯನ್ನು ತಮಾಷೆಯಾಗಿ ನೋಡಿ" ಎನ್ನುತ್ತಿದ್ದಾರೆ. ಹದಿನಾಲ್ಕು ವರ್ಷದ ಮಗಳು "ಇದು ನಿಜವಾಗಿ ನಡೆದಿತ್ತಾ?" ಎಂದು ಕೇಳಿದಳು, ನನಗೆ ಗೊತ್ತಿರಲಿಲ್ಲ. ವಯೋಮಿಂಗ್‌ನಲ್ಲಿ ಹೆಂಗಸರಿಗೆ ಮತ ಕೊಟ್ಟದ್ದೇ ತಮಾಷೆಗೆ ಎಂದು ಒಬ್ಬರು ಹೇಳುತ್ತಾರೆ. ಮೂವರನ್ನು ಗುಂಡಿಟ್ಟು ಕೊಂದ ಮಹಿಳಾ ಮಾರ್ಷಲ್ (ಊರಿನ ಪೊಲೀಸ್ ಅಧಿಕಾರಿ) ಇದ್ದಳು ಎಂದು ಇನ್ನೊಬ್ಬರು. ಚಿನ್ನದ ಗಣಿಗಳಲ್ಲಿ ಗಂಡಸರು ಹೆಣ್ಣುವೇಷದಲ್ಲಿ ಕುಣಿಯುತ್ತಿದ್ದರು ಎಂದು ಮತ್ತೊಬ್ಬರು. ಯಾವುದು ನಿಜ? ನಾಟಕ ಕೈಬಿಡಬೇಕೇ, ತಿದ್ದಿದರೆ ಉಳಿಯುತ್ತದೆಯೇ?

ಉತ್ತರ: ನೀವು ಕೇಳಿರುವುದರಲ್ಲಿ ಎರಡು ಪ್ರಶ್ನೆಗಳು ಸೇರಿಕೊಂಡಿವೆ. ಇಂಥ ಊರು ಇತ್ತೇ ಎಂಬುದು ಒಂದು. ಅದನ್ನು ರಂಗದ ಮೇಲೆ ತಂದಾಗ ನಗೆ ಯಾರ ಮೇಲೆ ಬೀಳುತ್ತದೆ ಎಂಬುದು ಇನ್ನೊಂದು. ಅಮೆರಿಕದ ಪಶ್ಚಿಮದ ಇತಿಹಾಸವನ್ನು ಬಹುಕಾಲ ಪಾಠ ಮಾಡಿದವನಾಗಿ ಮೊದಲನೆಯದಕ್ಕೂ, ಹವ್ಯಾಸಿ ತಂಡಗಳಿಗೆ ನಾಟಕ ಆಡಿಸಿದವನಾಗಿ ಎರಡನೆಯದಕ್ಕೂ ಉತ್ತರಿಸುತ್ತೇನೆ. ಎದ್ದುಹೋದ ಇಬ್ಬರನ್ನು ದಯವಿಟ್ಟು ವಾಪಸ್ ಕರೆಯಿರಿ. ಅವರು ಕೇಳಿದ್ದು ನಾಟಕದವರು ಕೇಳಲೇಬೇಕಾದ ಪ್ರಶ್ನೆ.

ಮಗಳಿಗೆ ಹೀಗೆ ಹೇಳಿ: ಹೌದು, ನಡೆದಿತ್ತು. ಅದೂ ನಿಮ್ಮ ಮನೆಯಿಂದ ಕಾರಿನಲ್ಲಿ ಸುಮಾರು ಒಂದು ಗಂಟೆಯ ದಾರಿಯಲ್ಲಿ, ಆರ್ಗೋನಿಯಾ ಎಂಬ ಊರಿನಲ್ಲಿ. ಆದರೆ ನಿಮ್ಮ ಗೆಳೆಯರು ಬರೆದ ಹಾಗೆ ನಡೆಯಲಿಲ್ಲ. ಊರು ಹಾಳಾಗಲಿಲ್ಲ, ಯಾರೂ ತಪ್ಪೊಪ್ಪಿಕೊಳ್ಳಲಿಲ್ಲ, ಗಂಡಸರು ಲಂಗ ತೊಡಲಿಲ್ಲ. ನಗೆಪಾಟಲಾದವರು ಬೇರೆಯೇ ಜನ.

1887ರ ಆರಂಭದಲ್ಲಿ ಕ್ಯಾನ್ಸಸ್ ರಾಜ್ಯ ಪುರಸಭೆ ಚುನಾವಣೆಗಳಲ್ಲಿ ಹೆಂಗಸರಿಗೆ ಮತದಾನದ ಹಕ್ಕು ಕೊಟ್ಟಿತು. ಆರ್ಗೋನಿಯಾ ಆಗ ಐನೂರು ಜನರೂ ಇಲ್ಲದ ಊರು. ರಾಜ್ಯದಲ್ಲಿ ಪಾನನಿರೋಧ ಕಾನೂನು ಆಗಲೇ ಇತ್ತು, ಅದು ಜಾರಿಯಾಗುತ್ತಿದೆಯೇ ಎಂಬುದಷ್ಟೇ ತಗಾದೆ. ಅಲ್ಲಿನ ಮಹಿಳಾ ಕ್ರೈಸ್ತ ಪಾನನಿರೋಧ ಸಂಘದವರು ಸಭೆ ಸೇರಿ, ತಮಗೆ ಒಪ್ಪಿಗೆಯಾದ ಗಂಡಸರ ಹೆಸರುಗಳದೇ ಒಂದು ಪಟ್ಟಿ ಮಾಡಿದರು. ಇದನ್ನು ಸಹಿಸದ ಸುಮಾರು ಇಪ್ಪತ್ತು ಮಂದಿ ಗಂಡಸರು ಗುಟ್ಟಾಗಿ ಬೇರೆ ಸಭೆ ಸೇರಿ ಒಂದು ಕುಚೋದ್ಯ ಹೂಡಿದರು. ಸಂಘದ ಪಟ್ಟಿಯನ್ನೇ ನಕಲು ಮಾಡಿ, ಮೇಯರ್ ಸ್ಥಾನದಲ್ಲಿ ಮಾತ್ರ ಅದೇ ಸಂಘದ ಸುಸಾನಾ ಸಾಲ್ಟರ್ ಎಂಬ ಇಪ್ಪತ್ತೇಳು ವರ್ಷದ ಗೃಹಿಣಿಯ ಹೆಸರು ಹಾಕಿದರು. ಸಂಘದ ಹೆಂಗಸರ ಬೆರಳೆಣಿಕೆಯ ಮತಗಳಷ್ಟೇ ಆಕೆಗೆ ಬೀಳುತ್ತವೆ, ಊರೆಲ್ಲ ನಗುತ್ತದೆ, ಇನ್ನು ಮುಂದೆ ಇವರು ರಾಜಕೀಯದ ಕಡೆ ತಲೆ ಹಾಕುವುದಿಲ್ಲ ಎಂಬುದು ಅವರ ಲೆಕ್ಕಾಚಾರ.

ಒಬ್ಬರ ಹೆಸರನ್ನು ಅವರಿಗೇ ತಿಳಿಯದಂತೆ ಮತಚೀಟಿಯಲ್ಲಿ ಹಾಕುವುದು ಹೇಗೆ ಸಾಧ್ಯ ಎಂದು ನಿಮ್ಮ ಪ್ರೇಕ್ಷಕರು ಕೇಳುತ್ತಾರೆ. ಆ ಕಾಲದಲ್ಲಿ ಮತಚೀಟಿಯನ್ನು ಸರ್ಕಾರ ಮುದ್ರಿಸುತ್ತಿರಲಿಲ್ಲ. ಪಕ್ಷಗಳು, ಗುಂಪುಗಳು ತಾವೇ ಅಚ್ಚು ಹಾಕಿಸಿ ಮತಗಟ್ಟೆಯಲ್ಲಿ ಹಂಚುತ್ತಿದ್ದವು. ಮುಂಚಿತವಾಗಿ ನಾಮಪತ್ರ ಸಲ್ಲಿಸಬೇಕಾದ ಅಗತ್ಯವೂ ಇರಲಿಲ್ಲ. ಏಪ್ರಿಲ್ 4ರ ಬೆಳಗ್ಗೆ ಮತಗಟ್ಟೆಗೆ ಹೋದ ಆಕೆಯ ಗಂಡ ಲೂಯಿಸ್ ಚೀಟಿ ಕೈಗೆ ಬಂದಾಗ ದಂಗಾದ. ಅತ್ತ, ಕುಚೋದ್ಯದ ವಾಸನೆ ಹಿಡಿದ ರಿಪಬ್ಲಿಕನ್ ಮುಖಂಡರ ಒಂದು ನಿಯೋಗ ಆಕೆಯ ಮನೆಗೆ ಧಾವಿಸಿತು. ಆಕೆ ಬಟ್ಟೆ ಒಗೆಯುತ್ತಿದ್ದಳು. ಗೆದ್ದರೆ ಹುದ್ದೆ ಒಪ್ಪಿಕೊಳ್ಳುತ್ತೀರಾ ಎಂದು ಅವರು ಕೇಳಿದರು. ಆಕೆ ಹೂಂ ಎಂದಳು. ಹಾಗಾದರೆ ಗೆಲ್ಲಿಸಿಯೇ ಬಿಡುತ್ತೇವೆ ಎಂದು ಹೊರಟರು. ಸಂಘದ ಹೆಂಗಸರು ತಮ್ಮ ಅಭ್ಯರ್ಥಿಯನ್ನು ಬಿಟ್ಟು ಆಕೆಗೇ ಮತ ಹಾಕಿದರು. ಸಂಜೆ ಎಣಿಸಿದಾಗ ಸುಮಾರು ಮೂರನೇ ಎರಡರಷ್ಟು ಮತ ಆಕೆಗೆ ಬಿದ್ದಿತ್ತು. ಅಮೆರಿಕದಲ್ಲಿ ಚುನಾವಣೆ ಗೆದ್ದು ಮೇಯರ್ ಆದ ಮೊದಲ ಮಹಿಳೆ ಎಂದು ಇತಿಹಾಸದ ಪುಸ್ತಕಗಳು ನೆನೆಯುವುದು ಈಕೆಯನ್ನೇ.

ಮುಂದೆ ಏನಾಯಿತು ಎಂದರೆ, ಹೆಚ್ಚೇನೂ ಆಗಲಿಲ್ಲ. ನಿಮ್ಮ ಗೆಳೆಯರ ಕಥೆ ನಿಜದಿಂದ ತೀರಾ ದೂರ ಹೋಗುವುದು ಇಲ್ಲಿಯೇ. ಸಭೆಗಳು ನಡೆದವು, ಊರಿನ ಚಿಲ್ಲರೆ ಕೆಲಸಗಳು ಸಾಗಿದವು. ವರ್ಷದ ಸಂಬಳ ಒಂದು ಡಾಲರ್. ನ್ಯೂಯಾರ್ಕ್‌ನಿಂದ ಬಂದ ಪತ್ರಕರ್ತನೊಬ್ಬ ಸಭೆಯಲ್ಲಿ ಕುಳಿತು ನೋಡಿ, ಆಕೆಯ ಉಡುಪನ್ನೂ ಟೋಪಿಯನ್ನೂ ವರ್ಣಿಸಿ, ಅಧ್ಯಕ್ಷತೆಯನ್ನು ಗಂಭೀರವಾಗಿ ನಿರ್ವಹಿಸಿದಳು ಎಂದೂ ಬರೆದ. ಅಭಿನಂದನೆಯ ಪತ್ರಗಳ ನಡುವೆ, ಪ್ಯಾಂಟಿನ ಚಿತ್ರ ಬರೆದು "ನಿನಗೆ ಇದೇ ಸರಿ" ಎಂಬರ್ಥದ ಅವಹೇಳನದ ಪದ್ಯವೂ ಅಂಚೆಯಲ್ಲಿ ಬಂತು. ಮೊದಮೊದಲು ಮುಜುಗರಪಟ್ಟ ಲೂಯಿಸ್ ಬರಬರುತ್ತಾ ತಾನು ಮೇಯರ್ ಗಂಡ ಎಂದು ತಾನೇ ಹಾಸ್ಯ ಮಾಡಿಕೊಳ್ಳತೊಡಗಿದ. ಒಂದು ವರ್ಷದ ಅವಧಿ ಮುಗಿಸಿ, ಇನ್ನೊಮ್ಮೆ ನಿಲ್ಲುವುದಿಲ್ಲ ಎಂದು ಆಕೆ ಮನೆಗೆ ಹೋದಳು. ತೀರಿಕೊಂಡದ್ದು 1961ರಲ್ಲಿ, ನೂರಾ ಒಂದನೆಯ ವಯಸ್ಸಿನಲ್ಲಿ.

ಆಕೆಯನ್ನು ತೀರಾ ಮುಗ್ಧ ಹಳ್ಳಿಯ ಹೆಂಗಸೆಂದು ಚಿತ್ರಿಸಬೇಡಿ. ಆರ್ಗೋನಿಯಾದ ಮೊದಲ ಮೇಯರ್ ಆಕೆಯ ತಂದೆ. ಮಾವ ಕ್ಯಾನ್ಸಸ್‌ನ ಮಾಜಿ ಲೆಫ್ಟಿನೆಂಟ್ ಗವರ್ನರ್. ರಾಜಕೀಯದ ಮಾತು ಊಟದ ಮೇಜಿನಲ್ಲೇ ಆಡುತ್ತಿದ್ದ ಮನೆತನ. ಕುಚೋದ್ಯ ಮಾಡಿದವರು ಹೆಸರು ಆರಿಸಿಕೊಳ್ಳುವಾಗಲೇ ಎಡವಿದ್ದರು.

ಇನ್ನು ನಿಮ್ಮ ಗೆಳೆಯರು ಹೇಳಿದ ಒಂದೊಂದು ಮಾತನ್ನೂ ತೂಗಿ ನೋಡೋಣ.

ವಯೋಮಿಂಗ್‌ನದು ಅರೆಸತ್ಯ. 1869ರ ಡಿಸೆಂಬರ್ 10ರಂದು ಆ ಪ್ರಾಂತ್ಯದ ಗವರ್ನರ್ ಕ್ಯಾಂಪ್‌ಬೆಲ್ ಸಹಿ ಹಾಕಿದ ಕಾನೂನು ಇಪ್ಪತ್ತೊಂದು ತುಂಬಿದ ಎಲ್ಲ ಹೆಂಗಸರಿಗೂ ಮತ ಕೊಟ್ಟಿತು. ಮಸೂದೆ ತಂದ ವಿಲಿಯಂ ಬ್ರೈಟ್ ಸೌತ್ ಪಾಸ್ ಸಿಟಿ ಎಂಬ ಗಣಿ ಊರಿನಲ್ಲಿ ಮದ್ಯದಂಗಡಿ ನಡೆಸುತ್ತಿದ್ದವನು. ಶಾಸನಸಭೆಯಲ್ಲಿ ಇದ್ದವರೆಲ್ಲ ಡೆಮಾಕ್ರಟರು, ಗವರ್ನರ್ ರಿಪಬ್ಲಿಕನ್. ಆತ ಸಹಿ ಹಾಕಲಾರ, ಮುಜುಗರಕ್ಕೆ ಸಿಕ್ಕಿಬೀಳುತ್ತಾನೆ ಎಂದು ಕೆಲವರು ನಕ್ಕಿದ್ದು ಹೌದು, ಸದನದಲ್ಲಿ ಗೇಲಿಯ ತಿದ್ದುಪಡಿಗಳು ಬಂದದ್ದೂ ಹೌದು. ಆದರೆ ಬ್ರೈಟ್‌ಗೆ ಅದು ತಮಾಷೆಯಾಗಿರಲಿಲ್ಲ. ಪ್ರಾಂತ್ಯದಲ್ಲಿ ಹೆಂಗಸೊಬ್ಬಳಿಗೆ ಆರು ಗಂಡಸರ ಲೆಕ್ಕ ಇದ್ದಾಗ, ಈ ಸುದ್ದಿಯಿಂದ ಹೆಣ್ಣುಮಕ್ಕಳು ಇತ್ತ ಬಂದು ನೆಲೆಸಿಯಾರು ಎಂಬ ಆಸೆಯೂ ಹಲವರಿಗಿತ್ತು. ಕಪ್ಪು ಗಂಡಸರಿಗೆ ಮತ ಸಿಗುವುದಾದರೆ ನಮ್ಮ ಹೆಂಡಿರಿಗೇಕೆ ಬೇಡ ಎಂಬ ಜನಾಂಗದ್ವೇಷದ ವಾದವೂ ಅದರೊಳಗೆ ಇತ್ತು. ಅದನ್ನು ಮರೆಮಾಚಬೇಕಾಗಿಲ್ಲ. ಎರಡು ವರ್ಷ ಕಳೆದ ಮೇಲೆ ಅದೇ ಸಭೆ ಕಾನೂನನ್ನು ರದ್ದು ಮಾಡಹೊರಟಿತು. ಕ್ಯಾಂಪ್‌ಬೆಲ್ ತಡೆದ, ಆ ತಡೆಯನ್ನು ಮೀರಲು ಮೇಲ್ಮನೆಯಲ್ಲಿ ಒಂದೇ ಮತ ಕಡಿಮೆ ಬಿತ್ತು. ತಮಾಷೆಗೆ ಕೊಟ್ಟದ್ದಾದರೆ ಹಿಂದಕ್ಕೆ ಪಡೆಯಲು ಇಷ್ಟು ಬೆವರು ಸುರಿಸಬೇಕಾಗಿರಲಿಲ್ಲ.

ಅಲ್ಲಿನ ನ್ಯಾಯಾಲಯಗಳಲ್ಲಿ ಮಾತ್ರ ನಿಮಗೆ ಬೇಕಾದ ಸಾಮಗ್ರಿ ಇದೆ. 1870ರಲ್ಲಿ ಸೌತ್ ಪಾಸ್ ಸಿಟಿಯಲ್ಲಿ ಚಿಕ್ಕಪುಟ್ಟ ವ್ಯಾಜ್ಯಗಳನ್ನು ತೀರ್ಮಾನಿಸುವ ನ್ಯಾಯಾಧೀಶೆಯಾಗಿ ಎಸ್ತರ್ ಮಾರಿಸ್ ನೇಮಕವಾದಳು. ಸುಮಾರು ಎಂಟೂವರೆ ತಿಂಗಳಲ್ಲಿ ಇಪ್ಪತ್ತೈದಕ್ಕೂ ಹೆಚ್ಚು ಪ್ರಕರಣ ನೋಡಿದಳು. ಆಕೆ ಚಹಾಕೂಟ ಕರೆದು ಅಭ್ಯರ್ಥಿಗಳಿಂದ ಮತದಾನದ ಹಕ್ಕಿನ ಮಾತು ಪಡೆದಳು ಎಂಬ ಕಥೆ ಬಹಳ ಜನಪ್ರಿಯ. ಅದು ಎಷ್ಟೋ ದಶಕಗಳ ನಂತರ ಹುಟ್ಟಿದ್ದು, ಇತಿಹಾಸಕಾರರು ನೆಚ್ಚುವುದಿಲ್ಲ. ಅದೇ ವರ್ಷ ಮಾರ್ಚ್‌ನಲ್ಲಿ ಲಾರಮಿ ಎಂಬ ಊರಿನಲ್ಲಿ ಹೆಂಗಸರು ಜ್ಯೂರಿಯಲ್ಲಿ, ಅಂದರೆ ನ್ಯಾಯಾಲಯದಲ್ಲಿ ತೀರ್ಪು ಹೇಳುವ ಸಾಮಾನ್ಯ ನಾಗರಿಕರ ಮಂಡಳಿಯಲ್ಲಿ, ಕುಳಿತರು. ವ್ಯಂಗ್ಯಚಿತ್ರಕಾರರ ಕಾಟಕ್ಕೆ ದಪ್ಪ ಮುಸುಕು ಹಾಕಿಕೊಂಡು ಬರಬೇಕಾಯಿತು. ಅಳಬೇಡ ಕೂಸೇ, ಅಮ್ಮ ಜ್ಯೂರಿಗೆ ಹೋಗಿದ್ದಾಳೆ ಎಂಬಂಥ ಚುಟುಕ ಪತ್ರಿಕೆಗಳಲ್ಲಿ ಓಡಾಡಿತು.

ಮೂವರನ್ನು ಕೊಂದ ಮಾರ್ಷಲ್ ಕಥೆ ಜಾಕ್ಸನ್ ಎಂಬ ಊರಿನದು, ಅದೂ ವಯೋಮಿಂಗ್‌ನಲ್ಲೇ. 1920ರ ಮೇ ತಿಂಗಳಲ್ಲಿ ಅಲ್ಲಿ ಮೇಯರ್ ಮತ್ತು ನಾಲ್ವರು ಸದಸ್ಯರ ಸ್ಥಾನಗಳನ್ನೆಲ್ಲ ಹೆಂಗಸರೇ ಗೆದ್ದರು. ಮೇಯರ್ ಗ್ರೇಸ್ ಮಿಲ್ಲರ್. ಸದಸ್ಯೆಯರಲ್ಲೊಬ್ಬಳಾದ ರೋಸ್ ಕ್ರ್ಯಾಬ್‌ಟ್ರೀ ಸೋಲಿಸಿದ್ದು ಸ್ವಂತ ಗಂಡ ಹೆನ್ರಿಯನ್ನು, 31ಕ್ಕೆ 50 ಮತಗಳಿಂದ. ಇಬ್ಬರೂ ಸೇರಿ ಊರಿನಲ್ಲಿ ಹೋಟೆಲ್ ನಡೆಸುತ್ತಿದ್ದರು. ಎಣಿಕೆಯ ರಾತ್ರಿ ಆ ಹೋಟೆಲಿನ ಅಡುಗೆಮನೆಯಲ್ಲಿ ಏನು ಮಾತುಕತೆ ನಡೆದಿರಬಹುದು ಎಂದು ಯೋಚಿಸಿದರೆ ಸಾಕು, ನಿಮಗೊಂದು ದೃಶ್ಯ ಸಿಗುತ್ತದೆ. ಗೆದ್ದವರು ಪರ್ಲ್ ವಿಲಿಯಮ್ಸ್ ಎಂಬ ತರುಣಿಯನ್ನು ಮಾರ್ಷಲ್ ಮಾಡಿದರು. ಹೊರಗಿನಿಂದ ಬಂದ ಪತ್ರಕರ್ತರಿಗೆ ಆಕೆ, ಮೂವರನ್ನು ಕೊಂದು ನಾನೇ ಹೂತಿದ್ದೇನೆ, ಆಮೇಲೆ ಯಾರೂ ತಂಟೆ ಮಾಡಿಲ್ಲ ಎಂದಳು. ಅವರು ನಂಬಿ ಬರೆದುಕೊಂಡರು. ಆಕೆಯ ದಿನದ ಕೆಲಸ ಬಹುಪಾಲು ಊರ ಚೌಕಕ್ಕೆ ನುಗ್ಗುವ ದನಗಳನ್ನು ಅಟ್ಟುವುದಾಗಿತ್ತು! ಬಾಕಿ ಬಿದ್ದಿದ್ದ ತೆರಿಗೆ ವಸೂಲಿ, ಮೋರಿ, ಬೀದಿ, ಸ್ಮಶಾನದ ದಾರಿ ಇವೆಲ್ಲ ಆ ಮಂಡಳಿಯ ಕಾಲದಲ್ಲಿ ಸುಧಾರಿಸಿದವು. ಮರುವರ್ಷ ಮೇಯರ್ ಮರು ಆಯ್ಕೆಯಾದಳು.

ಗಣಿಯ ಕುಣಿತವೂ ನಿಜ. ಕ್ಯಾಲಿಫೋರ್ನಿಯಾದಲ್ಲಿ 1848ರಲ್ಲಿ ಚಿನ್ನ ಸಿಕ್ಕ ಮೇಲೆ ಲೋಕದ ಮೂಲೆಮೂಲೆಯಿಂದ ಗಂಡಸರು ಬಂದು ತುಂಬಿದರು. 1850ರ ಗಣತಿಯಲ್ಲಿ ಹೆಂಗಸರು ನೂರಕ್ಕೆ ಹತ್ತಕ್ಕೂ ಕಡಿಮೆ, ಗಣಿ ಶಿಬಿರಗಳಲ್ಲಿ ಅದಕ್ಕಿಂತ ಎಷ್ಟೋ ಕಡಿಮೆ. ಬಾರ್ಥ್‌ವಿಕ್ ಎಂಬ ಸ್ಕಾಟ್ಲೆಂಡಿನ ಚಿತ್ರಕಾರ ಏಂಜೆಲ್ಸ್ ಕ್ಯಾಂಪ್ ಎಂಬ ಶಿಬಿರದಲ್ಲಿ ಕಂಡ ನೃತ್ಯವನ್ನು ವರ್ಣಿಸಿದ್ದಾನೆ. ಉದ್ದ ಗಡ್ಡ, ದಪ್ಪ ಬೂಟು, ಫ್ಲಾನೆಲ್ ಅಂಗಿಯ ಗಣಿಗರು ಜೋಡಿ ಜೋಡಿಯಾಗಿ ಕುಣಿಯುತ್ತಿದ್ದರು. ಷರಾಯಿಯ ಹಿಂಬದಿಗೆ ಕ್ಯಾನ್ವಾಸಿನ ತೇಪೆ ಇದ್ದವರು ಅಂದಿನ ಮಟ್ಟಿಗೆ ಹೆಂಗಸರು ಎಂಬುದು ಒಪ್ಪಂದ. ಕಪ್ಪು ಬಟ್ಟೆಯ ಮೇಲೆ ಬಿಳಿ ಚೌಕದ ತೇಪೆ ದೂರದಿಂದಲೇ ಎದ್ದು ಕಾಣುತ್ತಿತ್ತಂತೆ. ಲಂಗವಿಲ್ಲ, ಕೃತಕ ಸೊಂಟವಿಲ್ಲ, ಕೀರಲು ದನಿಯಿಲ್ಲ. ಯಾರೂ ಯಾರನ್ನೂ ಅಣಕಿಸುತ್ತಿರಲಿಲ್ಲ, ಕುಣಿಯಲು ಜೊತೆ ಬೇಕಿತ್ತು ಅಷ್ಟೇ.

ಇದೆಲ್ಲ ಇಂಥ ಊರುಗಳಲ್ಲೇ ಏಕೆ ನಡೆಯಿತು? ಪಶ್ಚಿಮದ ಗಂಡಸರು ಪೂರ್ವದವರಿಗಿಂತ ಉದಾರಿಗಳಾಗಿದ್ದರು ಎಂಬ ಉತ್ತರವನ್ನು ನಾನು ಒಪ್ಪುವುದಿಲ್ಲ. ಇಂಥ ಊರುಗಳಲ್ಲಿ ಕೆಲಸ ಹಂಚುವುದು ಸಂಪ್ರದಾಯವಲ್ಲ, ಅಗತ್ಯ. ಒಗೆಯುವವರಿಲ್ಲದೆ ಸ್ಯಾನ್ ಫ್ರಾನ್ಸಿಸ್ಕೋದ ಗಂಡಸರು ಅಂಗಿಗಳನ್ನು ಹಡಗಿನಲ್ಲಿ ಹವಾಯಿಗೆ, ಚೀನಾಕ್ಕೆ ಒಗೆಯಲು ಕಳುಹಿಸಿದ್ದುಂಟು. ಅನ್ನ ಬೇಯಿಸಲು ಬಾರದವನು ಕಲಿತ, ಇಲ್ಲವೇ ದುಡ್ಡು ತೆತ್ತ. ಮನೆಯಲ್ಲಿ ಬಿಟ್ಟಿಯಾಗಿದ್ದ ಕೆಲಸಕ್ಕೆ ಏಕಾಏಕಿ ಬೆಲೆ ಬಂತು. ಲೂಜೀನಾ ವಿಲ್ಸನ್ ಎಂಬಾಕೆಯ ಅನುಭವ ಕೇಳಿ. 1849ರಲ್ಲಿ ದಾರಿಯ ಬಿಡಾರದಲ್ಲಿ ಆಕೆ ಬಿಸ್ಕತ್ತಿನ ರೊಟ್ಟಿ ಸುಡುತ್ತಿದ್ದಾಗ ಗಣಿಗನೊಬ್ಬ ಬಂದು ಐದು ಡಾಲರ್ ಕೊಡುತ್ತೇನೆ ಎಂದ. ಆಕೆ ಬೆರಗಾಗಿ ಸುಮ್ಮನಿದ್ದದ್ದನ್ನು ಚೌಕಾಶಿ ಎಂದುಕೊಂಡು ಹತ್ತಕ್ಕೆ ಏರಿಸಿದ. ಮುಂದೆ ನೆವಾಡಾ ಸಿಟಿ ಎಂಬ ಗಣಿ ಊರಿಗೆ ಹೋದಾಗ, ಗಂಡ ಹೊರಗೆ ಹೋಗಿದ್ದ ಹೊತ್ತಿನಲ್ಲಿ ತಾನೇ ಎರಡು ಹಲಗೆ ಕೊಂಡು, ಗೂಟ ಕಡಿದು ನೆಲಕ್ಕೆ ಹೊಡೆದು, ಮೇಜು ನಿಲ್ಲಿಸಿದಳು. ರಾತ್ರಿ ಗಂಡ ಬಂದು ನೋಡಿದರೆ ಪಂಜಿನ ಬೆಳಕಿನಲ್ಲಿ ಇಪ್ಪತ್ತು ಗಣಿಗರು ಊಟಕ್ಕೆ ಕುಳಿತಿದ್ದಾರೆ. ಒಬ್ಬೊಬ್ಬರೂ ಏಳುವಾಗ ಆಕೆಯ ಕೈಗೆ ಒಂದು ಡಾಲರ್ ಇಟ್ಟರು. ಹೋಟೆಲ್ ಚೆನ್ನಾಗಿ ನಡೆಯತೊಡಗಿದ ಮೇಲೆ ಗಂಡನನ್ನೂ ಪಾಲುದಾರನಾಗಿ ಸೇರಿಸಿಕೊಂಡೆ ಎಂದು ಆಕೆ ಮುಂದೆ ನೆನಪುಗಳಲ್ಲಿ ಹೇಳಿದಳು. ನಾನು ಕಂಡಂತೆ ಈ ವಿಷಯದ ಬಗ್ಗೆ ಇಷ್ಟು ಸೊಗಸಾದ ನಗೆಮಾತು ಇನ್ನೊಂದಿಲ್ಲ. ಆಕೆ ಅದನ್ನು ನಗಿಸಲೆಂದು ಹೇಳಿದಂತೆಯೂ ಕಾಣುವುದಿಲ್ಲ.

ಎರಡನೆಯ ಕಾರಣ, ಪುರಸಭೆಯ ಹುದ್ದೆ ಯಾರಿಗೂ ಬೇಡವಾದ ಹುದ್ದೆ. ಕೆಸರು, ಬೀಡಾಡಿ ದನ, ನಾಯಿಗಳ ತಕರಾರು. ಸಂಬಳ ಇಲ್ಲವೆನ್ನುವಷ್ಟು. ಯೂಟಾದ ಕನಾಬ್ ಎಂಬ ಊರಿನಲ್ಲಿ 1911ರ ಚುನಾವಣೆಗೆ ಯಾರೋ ತಮಾಷೆಗೆ ಐವರು ಹೆಂಗಸರ ಹೆಸರು ಹಾಕಿದರು. ಎದುರು ನಿಲ್ಲಲು ಬೇರೆ ಪಟ್ಟಿಯೇ ಬರಲಿಲ್ಲ. ಅವರೇ ಗೆದ್ದು ಎರಡು ವರ್ಷ ಆಡಳಿತ ನಡೆಸಿದರು. ಇಪ್ಪತ್ನಾಲ್ಕು ವರ್ಷದ ಅಂತರದಲ್ಲಿ ಎರಡು ಊರುಗಳಲ್ಲಿ ಒಂದೇ ಕುಚೋದ್ಯ, ಎರಡರಲ್ಲೂ ಮುಖಭಂಗವಾದದ್ದು ಅದನ್ನು ಹೂಡಿದವರಿಗೆ. ಮೂರನೆಯದು ಊರಿನ ಅಳತೆ. ನೂರು ಮತ ಚಲಾವಣೆಯಾಗುವ ಕಡೆ ಹತ್ತು ಮನೆ ಮನಸ್ಸು ಬದಲಿಸಿದರೆ ಸಾಕು.

ಹಾಗಾದರೆ ಸೌಟು ಹಿಡಿದ ಗಂಡಸು, ಕೂಸು ಹೊತ್ತು ಬೆವರುವ ಗಂಡ, ಚುಟ್ಟಾ ಸೇದುವ ಹೆಂಡತಿ ಎಂಬ ಚಿತ್ರ ಎಲ್ಲಿಂದ ಬಂತು? ಊರುಗಳಿಂದಲ್ಲ, ಪೂರ್ವದ ಮುದ್ರಣಾಲಯಗಳಿಂದ. ಹೆಂಗಸರಿಗೆ ಮತ ಬೇಡ ಎನ್ನುವವರ ಪ್ರಿಯ ಅಸ್ತ್ರ ಅದು. ವಯೋಮಿಂಗ್ ಕಾನೂನು ಬಂದ 1869ರಲ್ಲೇ ಕರಿಯರ್ ಅಂಡ್ ಐವ್ಸ್ ಎಂಬ ಹೆಸರಾಂತ ಚಿತ್ರ ಮುದ್ರಕರು ಒಂದು ಚಿತ್ರ ಹೊರಡಿಸಿದರು. ಬಿನ್ನಾಣದ ಉಡುಪಿನ ಹೆಂಗಸರು ಮತಗಟ್ಟೆಯ ಮುಂದೆ ನೆರೆದಿದ್ದಾರೆ, ಒಂದು ಬದಿಯಲ್ಲಿ ಕೂಸು ಹೊತ್ತ ಗಂಡನಿಗೆ ಹೆಂಡತಿ ಮುಷ್ಟಿ ತೋರಿಸಿ ಗದರಿಸುತ್ತಿದ್ದಾಳೆ. ನಲವತ್ತು ವರ್ಷಗಳ ಬಳಿಕ, 1909ರಲ್ಲಿ, ಇನ್ನೊಬ್ಬ ಮುದ್ರಕರ ಅಂಚೆ ಕಾರ್ಡುಗಳ ಸರಣಿಯಲ್ಲೂ ಅದೇ ಹಾಸ್ಯ: ಗಂಡಸು ಕೂಸಿಗೆ ಬಾಟಲಿಯಲ್ಲಿ ಹಾಲು ಕುಡಿಸುತ್ತಿದ್ದಾನೆ, ಅವನ ತಲೆಯ ಹಿಂದಿರುವ ಊಟದ ತಟ್ಟೆ ಮೇರಿ ಮಾತೆಯ ಪ್ರಭಾವಳಿಯಂತೆ ಕಾಣುತ್ತದೆ. ನಿಮ್ಮ ಗೆಳೆಯರು ಇವುಗಳನ್ನು ನೋಡಿಯೇ ಬರೆದರು ಎನ್ನುತ್ತಿಲ್ಲ. ಆ ಚಿತ್ರಗಳು ಅಷ್ಟು ಹರಡಿದ್ದರಿಂದ ಅವುಗಳ ಕಥಾಹಂದರ ಸಿನಿಮಾ, ಹಾಸ್ಯಪ್ರಹಸನಗಳ ಮೂಲಕ ಎಲ್ಲರ ತಲೆಯಲ್ಲೂ ಉಳಿದಿದೆ. ಆದರೆ "ಊರು ಹಾಳಾಯಿತು, ಹೆಂಗಸರು ಕ್ಷಮೆ ಕೇಳಿದರು" ಎಂಬ ಕೊನೆ ಅಂದಿನ ಪ್ರಚಾರದ ನಾಲಗೆಯೇ. ಇಬ್ಬರು ನಟಿಯರಿಗೆ ಕಿರಿಕಿರಿಯಾದದ್ದು ಅಲ್ಲಿ.

ಇನ್ನು ನಿಮ್ಮ ಮುಂದಿರುವ ದಾರಿಗಳು.

ಇರುವ ಕಥೆಯನ್ನೇ ಇಟ್ಟುಕೊಂಡು ಕೊನೆಯನ್ನಷ್ಟೇ ತಿರುಗಿಸಬಹುದು. ಸುಲಭ, ಆದರೆ ಇದರಲ್ಲೇ ಅಪಾಯ ಹೆಚ್ಚು. ಮುಕ್ಕಾಲು ಗಂಟೆ ಲಂಗದ ಗಂಡಸರನ್ನು ನೋಡಿ ನಕ್ಕ ಸಭೆಗೆ ಕೊನೆಯ ಎರಡು ನಿಮಿಷದ ತಿದ್ದುಪಡಿ ನೆನಪಿನಲ್ಲಿ ಉಳಿಯುವುದಿಲ್ಲ. "ನಮ್ಮಲ್ಲಿ ಯಕ್ಷಗಾನದಲ್ಲಿ ಗಂಡಸರು ಸ್ತ್ರೀವೇಷ ಹಾಕುವುದಿಲ್ಲವೇ" ಎಂದು ಯಾರಾದರೂ ವಾದಿಸುತ್ತಾರೆ, ಸಿದ್ಧರಾಗಿರಿ. ಹಾಕುತ್ತಾರೆ. ಆದರೆ ದಮಯಂತಿಯೋ ದ್ರೌಪದಿಯೋ ರಂಗಕ್ಕೆ ಬಂದಾಗ ವೇಷದೊಳಗೆ ಗಂಡಸಿದ್ದಾನೆ ಎಂಬುದು ನಗೆಯ ವಸ್ತುವಲ್ಲ. 1958ರಲ್ಲಿ ಸ್ತ್ರೀ ನಾಟಕ ಮಂಡಳಿ ಕಟ್ಟಿದ ಆರ್. ನಾಗರತ್ನಮ್ಮನವರು ಕಂಸನಾಗಿ ಮೀಸೆ ತಿರುವಿ ನಿಂತರೆ ಸಭೆ ನಡುಗುತ್ತಿತ್ತೇ ಹೊರತು ಹೆಂಗಸಿಗೆ ಮೀಸೆ ಎಂದು ನಗುತ್ತಿರಲಿಲ್ಲ. ನಿಮ್ಮ ಪಾತ್ರಧಾರಿಗಳು ಆ ಶಿಸ್ತಿಗೆ ಸಿದ್ಧರಿದ್ದರೆ ವೇಷ ಬದಲಾವಣೆಯನ್ನು ಖಂಡಿತ ಇಟ್ಟುಕೊಳ್ಳಿ. ಸೊಂಟ ಕುಣಿಸುವುದಷ್ಟೇ ಅವರ ಉತ್ಸಾಹವಾದರೆ ಬೇಡ.

ಆರ್ಗೋನಿಯಾದ ಕಥೆಯನ್ನು ನೇರವಾಗಿ ಎತ್ತಿಕೊಳ್ಳುವುದು ಎರಡನೆಯ ದಾರಿ. ನನ್ನ ಒಲವು ಇದಕ್ಕೆ. ರಚನೆ ಸಿದ್ಧವಾಗಿಯೇ ಇದೆ: ಹಿಂಬಾಗಿಲ ಸಭೆ, ಮತಚೀಟಿ ಕಂಡು ದಂಗಾಗುವ ಗಂಡ, ಒಗೆಯುವ ಬಾನಿಯ ಮುಂದೆ ಟೋಪಿ ತೆಗೆದು ನಿಂತ ನಿಯೋಗ, ಎಣಿಕೆ. ಎಲ್ಲರೂ ಅವರವರ ಉಡುಪಿನಲ್ಲೇ ಇರುತ್ತಾರೆ, ನಗೆ ತಾನಾಗಿ ಕುಚೋದ್ಯದವರ ಕಡೆ ಹರಿಯುತ್ತದೆ. ಅಪಾಯ ಏನೆಂದರೆ, ಇದು ಶಾಲೆಯ ವಾರ್ಷಿಕೋತ್ಸವದ ಸಾಧಕಿಯ ಪರಿಚಯದಂತೆ ಆಗಿಬಿಡಬಹುದು. ಸುಸಾನಾಗೆ ಭಾಷಣ ಕೊಡಬೇಡಿ. ಅವಳಿಗೆ ಕಡಿಮೆ ಮಾತು, ಇಪ್ಪತ್ತು ಮಂದಿ ಕುಚೋದ್ಯದವರಿಗೆ ಧಾರಾಳ ಮಾತು. ಇನ್ನೊಂದು ಎಚ್ಚರಿಕೆ: ಅಧಿಕಾರದಲ್ಲಿದ್ದಾಗ ಆಕೆ ಹೆತ್ತ ಮಗು ಬಹಳ ದಿನ ಬದುಕಲಿಲ್ಲ. ಬಸುರಿ ಮೇಯರ್ ಎಂದು ಹಾಸ್ಯ ಹೊಸೆಯಲು ಯಾರಾದರೂ ಹೊರಟರೆ ಅಲ್ಲಿಯೇ ತಡೆಯಿರಿ.

ಜಾಕ್ಸನ್‌ನ ಗಂಡ ಹೆಂಡತಿಯ ಸ್ಪರ್ಧೆಯನ್ನು ತೆಗೆದುಕೊಂಡರೆ ಇಬ್ಬರೇ ಪಾತ್ರಧಾರಿಗಳಲ್ಲಿ ಅರ್ಧ ನಾಟಕ ನಡೆಯುತ್ತದೆ. ಆದರೆ ಕಾಲ 1920. ಬಂದೂಕು, ಕುದುರೆಯ ಗತ್ತು ಬೇಕೆನ್ನುವ ನಿಮ್ಮ ತಂಡದ ಹುಡುಗರಿಗೆ ನಿರಾಸೆಯಾದೀತು. ಪರ್ಲ್ ವಿಲಿಯಮ್ಸ್ ಪತ್ರಕರ್ತರಿಗೆ ಬಿಟ್ಟ ಬುರುಡೆಯಿಂದ ಸ್ವಲ್ಪ ಸಮಾಧಾನ ಮಾಡಬಹುದು.

ಗಣಿಯ ಶಿಬಿರವನ್ನು ಪೂರ್ತಿ ನಾಟಕ ಮಾಡಲು ಹೋಗಬೇಡಿ. ಅಲ್ಲಿ ಹೆಂಗಸರ ಕೆಲಸ ಮಾಡಿದ ಗಂಡಸರೆಂದರೆ ಚೀನೀ ಅಗಸರೂ ಹೌದು, ಅವರ ಕಥೆಯಲ್ಲಿ ನಗುವಂಥದ್ದೇನೂ ಇಲ್ಲ. ಗಣಿಗಳಿಂದ ಹೊರದಬ್ಬಿಸಿಕೊಂಡು ಬಟ್ಟೆ ಒಗೆಯಲು ನಿಂತವರು, ಗಂಡಸೇ ಅಲ್ಲ ಎಂದು ಗೇಲಿಗೊಳಗಾದವರು. ಸ್ಯಾನ್ ಫ್ರಾನ್ಸಿಸ್ಕೋ ನಗರ ಅವರ ಅಂಗಡಿಗಳಿಗಷ್ಟೇ ಪರವಾನಗಿ ನಿರಾಕರಿಸುತ್ತಿದ್ದದ್ದು ಸುಪ್ರೀಂ ಕೋರ್ಟಿನವರೆಗೆ ಹೋಗಿ 1886ರಲ್ಲಿ ಅವರ ಪರ ತೀರ್ಪಾಯಿತು. ನಗೆನಾಟಕದಲ್ಲಿ ಇದನ್ನು ನಿಭಾಯಿಸುವುದು ಕಷ್ಟ, ಬಿಟ್ಟುಬಿಟ್ಟರೆ ಕಣ್ಣು ಮುಚ್ಚಿದಂತೆ. ತೇಪೆಯ ಕುಣಿತವನ್ನು ಮಾತ್ರ ಎರಡು ದೃಶ್ಯಗಳ ನಡುವಿನ ನೃತ್ಯವಾಗಿ ಬಳಸಿ. ನಿಮ್ಮ ತಂಡದಲ್ಲಿ ಗಂಡಸರೇ ಹೆಚ್ಚಿದ್ದರೆ ಇದಕ್ಕಿಂತ ಒಳ್ಳೆಯ ಉಪಾಯವಿಲ್ಲ, ಖರ್ಚು ಒಂದು ಗಜ ಕ್ಯಾನ್ವಾಸ್ ಬಟ್ಟೆ.

ಕಥೆಯನ್ನು ಕರ್ನಾಟಕಕ್ಕೇ ತಂದುಬಿಡೋಣ ಎನ್ನುವವರೂ ಸಿಗುತ್ತಾರೆ. ಸಾಮಗ್ರಿಗೇನೂ ಕೊರತೆಯಿಲ್ಲ. 1983ರ ಕಾನೂನಿನಲ್ಲೇ ಕರ್ನಾಟಕ ಪಂಚಾಯಿತಿಗಳಲ್ಲಿ ಮಹಿಳೆಯರಿಗೆ ಕಾಲುಭಾಗ ಸ್ಥಾನ ಮೀಸಲಿಟ್ಟು, 1987ರಲ್ಲಿ ಚುನಾವಣೆ ನಡೆಸಿತು. ಈಗ ಅರ್ಧದಷ್ಟು ಮೀಸಲು. ಆದರೆ ಅಲ್ಲಿನ ಹಾಸ್ಯದ ದಿಕ್ಕು ಬೇರೆ. ಅಧ್ಯಕ್ಷೆ ಸಹಿ ಹಾಕುತ್ತಾಳೆ, ಕುರ್ಚಿಯಲ್ಲಿ ಗಂಡ ಕುಳಿತಿರುತ್ತಾನೆ. ಅದು ಅದಲುಬದಲಿನ ಕಥೆಯಲ್ಲ, ಅದಲುಬದಲು ಆಗದಂತೆ ನೋಡಿಕೊಂಡವರ ಕಥೆ. ಜಾತಿಯ ಪ್ರಶ್ನೆಯೂ ಅದರೊಳಗೆ ಇರುತ್ತದೆ, ಮುಕ್ಕಾಲು ಗಂಟೆಯ ಹಬ್ಬದ ನಾಟಕಕ್ಕೆ ಭಾರವಾಗುತ್ತದೆ. ಇನ್ನೊಂದು ವರ್ಷಕ್ಕೆ ಇಟ್ಟುಕೊಳ್ಳಿ.

ಗೆಳೆಯರು ಬರೆದ ಕಥೆಯನ್ನು ಪೂರ್ತಿ ಎಸೆಯಬೇಕಾಗಿಲ್ಲ. ಸೌಟು ಹಿಡಿದ ಗಂಡಸನ್ನು ಉಳಿಸಿಕೊಳ್ಳಿ, ಆದರೆ ಅವನಿಗೆ ಅಡುಗೆ ಚೆನ್ನಾಗಿ ಬರಲಿ. ಪಕ್ಕದ ಗಂಡಸರು ಅವನನ್ನು ಹಂಗಿಸುತ್ತಲೇ ಅವನ ಮನೆಯಲ್ಲಿ ಎರಡನೇ ಸಲ ಬಡಿಸಿಕೊಳ್ಳಲಿ. ಅದೇ ಸಾಮಗ್ರಿ, ನಗೆಯ ದಿಕ್ಕು ಮಾತ್ರ ಬದಲಾಗುತ್ತದೆ. ಬರೆದವರಿಗೂ ಬೇಸರವಾಗುವುದಿಲ್ಲ.

ತಾಲೀಮು ಮತ್ತೆ ಶುರು ಮಾಡುವ ಮೊದಲು ಒಂದು ಭಾನುವಾರ ಇಡೀ ತಂಡವನ್ನು ಆರ್ಗೋನಿಯಾಕ್ಕೆ ಕರೆದುಕೊಂಡು ಹೋಗಿ. ಸಾಲ್ಟರ್ ದಂಪತಿ ಇದ್ದ ಮನೆ ಈಗ ವಸ್ತುಸಂಗ್ರಹಾಲಯ. ಚಿಕ್ಕ ಊರು, ಆದ್ದರಿಂದ ತೆರೆದಿರುತ್ತದೆಯೇ ಎಂದು ಮೊದಲೇ ಫೋನ್ ಮಾಡಿ ಕೇಳಿಕೊಳ್ಳಿ. ಮಗಳನ್ನೂ ಕರೆದೊಯ್ಯಿರಿ. ನಾಟಕದ ದಿನ ಬಾಗಿಲಲ್ಲಿ ಎರಡು ಬಣ್ಣದ ಮತಚೀಟಿ ಹಂಚುವ ಕೆಲಸ ಅವಳಿಗೆ ಕೊಡಿ. ಎರಡರಲ್ಲೂ ಹೆಸರುಗಳು ಒಂದೇ, ಒಂದರಲ್ಲಿ ಮಾತ್ರ ಮೇಯರ್ ಸ್ಥಾನದಲ್ಲಿ ಸುಸಾನಾ. ಸಭೆ ಹಾಕಿದ ಮತಗಳನ್ನೇ ಎಣಿಕೆಯ ದೃಶ್ಯದಲ್ಲಿ ನಿಜವಾಗಿ ಎಣಿಸಿ. ಆಕೆ ಸೋತುಹೋದರೂ ಸೋಲಲಿ, ಆಗ ಕುಚೋದ್ಯದವರ ಪಾತ್ರಧಾರಿಗಳು ಏನು ಹೇಳಬೇಕು ಎಂಬ ಮಾತುಗಳನ್ನು ಮಾತ್ರ ಮೊದಲೇ ಬರೆದಿಟ್ಟುಕೊಂಡಿರಿ.